ಗುರುವನ್ನು ಕಡಿಯುವ ಬಗೆ

ಟೋಕಿಯೋ
ಫೆಬ್ರವರಿ 6, 2019

ಪೂಜ್ಯ ಒಚಿ ಶಿಗೆಹಾರು ಗುರುಗಳಿಗೆ,

ಪಂಚಾಂಗದಲ್ಲಿ ವಸಂತ ಶುರುವಾಗಿ ಎರಡು ದಿನವಾಯಿತು, ಚಳಿಗೆ ಮಾತ್ರ ಆ ಸುದ್ದಿ ಇನ್ನೂ ತಲುಪಿಲ್ಲ. ಉವಾಗಾವದಲ್ಲಿ ಕಿತ್ತಳೆ ಕೊಯ್ಲು ಮುಗಿಯುತ್ತಾ ಬಂದಿರಬೇಕು. ತಾವು ಕ್ಷೇಮವೆಂದು ನಂಬಿದ್ದೇನೆ.

ನಾನು ಹ್ಯೋದೋ ಚಿನಾತ್ಸು. ಸೇತುವೆ ಪಕ್ಕದ ತೋಫು ಅಂಗಡಿಯವರ ಎರಡನೆಯ ಮಗಳು. ಹದಿನೆಂಟು ವರ್ಷಗಳ ಹಿಂದೆ ತಾವು ಗರಡಿಯಿಂದ ಹೊರಗೆ ಹಾಕಿದವಳು. ಅದು ತಮಗೆ ಮರೆತುಹೋಗಿದ್ದರೆ ನನಗೆ ಅನುಕೂಲವೇ.

ಟೋಕಿಯೋದಲ್ಲಿ ಒಂದು ಕಚೇರಿಯಲ್ಲಿ ಕೆಲಸದಲ್ಲಿದ್ದೇನೆ. ಏನು ಕೆಲಸ ಎಂದು ವಿವರಿಸಿ ತಮ್ಮ ಹೊತ್ತು ಹಾಳು ಮಾಡುವುದಿಲ್ಲ. ಆ ಕೆಲಸದ ನಿಮಿತ್ತ ತಮ್ಮಲ್ಲಿ ಒಂದೇ ಒಂದು ಪ್ರಶ್ನೆ ಕೇಳಬೇಕಾಗಿದೆ. ಜಪಾನಿನಲ್ಲಿ ಇದಕ್ಕೆ ಉತ್ತರ ಗೊತ್ತಿರುವವರು ತಾವೊಬ್ಬರೇ ಎಂದು ನನ್ನ ನಂಬಿಕೆ.

ಎಪ್ಪತ್ತು ದಾಟಿದ ಒಬ್ಬ ಗುರು. ಕತ್ತಿವಿದ್ಯೆಯಲ್ಲಿ ಅವರನ್ನು ಮೀರಿಸಿದವರಿಲ್ಲ. ಅವರ ಬಳಿ ಕಲಿತ ಹುಡುಗಿಯೊಬ್ಬಳು ಅವರನ್ನು ಕಡಿದು ಕೊಲ್ಲಬೇಕು. ಯಾವ ಕಡೆಯಿಂದ ಬಂದರೆ ಸಾಧ್ಯ?

ಸ್ವಲ್ಪ ಅವಸರವಿದೆ. ತಿಂಗಳ ಕೊನೆಯೊಳಗೆ ಮುಗಿಸಬೇಕು.

ಇಂತಿ,
ಹ್ಯೋದೋ ಚಿನಾತ್ಸು


ಉವಾಗಾವ, ಎಹಿಮೆ
ಫೆಬ್ರವರಿ 11

ಹ್ಯೋದೋ ಚಿನಾತ್ಸುಗೆ,

ಹವಾಮಾನದ ವರದಿ ಬೇಕಾಗಿರಲಿಲ್ಲ. ಮನೆಗೆ ಕಿಟಕಿ ಇದೆ.

ನಿನ್ನ ಸವಾಲು ತಲುಪಿತು. ಸವಾಲನ್ನು ಕಾಗದದಲ್ಲಿ ಬರೆದು, ಮೊದಲೇ ತಿಳಿಸಿ, ಆಮೇಲೆ ಕಡಿಯಲು ಬರುವ ಮರ್ಯಾದೆ ಈ ದೇಶದಲ್ಲಿ ಸತ್ತುಹೋಗಿ ನೂರೈವತ್ತು ವರ್ಷವಾಯಿತು. ತೋಫು ಅಂಗಡಿಯವರ ಮಗಳು ಅದನ್ನು ಎಬ್ಬಿಸಿ ಕೂರಿಸಿದ್ದಾಳೆ. ಅಷ್ಟರ ಮಟ್ಟಿಗೆ ಮೆಚ್ಚಿದೆ.

ನನ್ನ ತಂಗಿ ಫುಮಿಯೆ ನಿನಗೆ ನೆನಪಿರಬಹುದು. ಗಂಡ ತೀರಿಕೊಂಡ ಮೇಲೆ ಇಲ್ಲೇ ಇದ್ದಾಳೆ. ಕಾಗದ ಓದಿ ಬೆಚ್ಚಿಬಿದ್ದಳು.

"ಅಣ್ಣಾ, ಇದು ಕೊಲೆ ಬೆದರಿಕೆ ಕಣೋ. ಪೊಲೀಸ್ ಠಾಣೆಗೆ ಕೊಟ್ಟುಬಿಡೋಣ."

"ಠಾಣೆಗೆ ಯಾಕೆ? ಬರ್ಲಿ ಬಿಡು."

"ಬಂದ್ರೆ ಏನ್ಮಾಡ್ತೀಯ?"

"ಮೊದಲು ಟೀ ಕೊಡ್ತೀನಿ."

ಮಾರ್ಚ್ 21, ಬೆಳಿಗ್ಗೆ ಹತ್ತು ಗಂಟೆ, ಗರಡಿಯ ಹಿಂದಿನ ನದಿ ದಂಡೆ. ಮರದ ಕತ್ತಿ ತೆಗೆದುಕೊಂಡು ಬಾ. ನನ್ನ ಮೂವತ್ತು ಜನ ಶಿಷ್ಯರು ಸಾಕ್ಷಿಗೆ ನಿಲ್ಲುತ್ತಾರೆ. ಗರಡಿ ಮೊದಲಿಗಿಂತ ಜೋರಾಗಿ ನಡೆಯುತ್ತಿದೆ ಎಂಬುದನ್ನು ನೀನು ಕೇಳದಿದ್ದರೂ ತಿಳಿಸುತ್ತಿದ್ದೇನೆ.

ಎದುರಾಳಿಗೆ ಸಲಹೆ ಕೊಡುವ ವಾಡಿಕೆ ಇಲ್ಲ. ಆದರೂ ಒಂದು ಮಾತು. ನೀನು ಯಾವಾಗಲೂ ಬಲಗಡೆಯಿಂದ ಬರುತ್ತಿದ್ದೆ, ಬರುವಾಗ ನಿನ್ನ ಎಡ ಹಿಮ್ಮಡಿ ನೆಲ ಬಿಟ್ಟು ಏಳುತ್ತಿತ್ತು. ಆ ಹಿಮ್ಮಡಿಯನ್ನು ನೆಲಕ್ಕೆ ಇಳಿಸಲು ಆರು ವರ್ಷ ಗಂಟಲು ಹರಿದುಕೊಂಡೆ. ಟೋಕಿಯೋದಲ್ಲಾದರೂ ಇಳಿಯಿತೇ?

ಒಚಿ ಶಿಗೆಹಾರು

ಚಿನಾತ್ಸು, ನಾನು ಫುಮಿಯೆ. ಅಂಚೆಗೆ ಹಾಕು ಅಂತ ಅಣ್ಣ ಕಾಗದ ನನ್ನ ಕೈಗೇ ಕೊಟ್ಟ, ಅದಕ್ಕೇ ಅಂಚಲ್ಲಿ ಬರೀತಿದ್ದೀನಿ. ದಯವಿಟ್ಟು ಬರಬೇಡ ಕಣಮ್ಮ. ಅವನು ಕಾಲುಚೀಲ ಹಾಕ್ಕೊಳ್ಳೋಕೂ ಗೋಡೆ ಹಿಡ್ಕೋತಾನೆ. ನಿನ್ನ ಕಾಗದ ಬಂದಾಗಿನಿಂದ ದಿನಾ ಬೆಳಿಗ್ಗೆ ಹಿತ್ತಲಲ್ಲಿ ಕೋಲು ಬೀಸ್ತಿದ್ದಾನೆ. ನನ್ನ ಎರಡು ಹೂಕುಂಡ ಹೋಯ್ತು.


ಟೋಕಿಯೋ
ಫೆಬ್ರವರಿ 15

ಪೂಜ್ಯ ಗುರುಗಳಿಗೆ,

ಓದಿದ ಕೂಡಲೇ ಕುರ್ಚಿಯಿಂದ ಎದ್ದು ನಿಂತು, ಎಹಿಮೆ ಯಾವ ದಿಕ್ಕಿಗಿದೆ ಎಂದು ಊಹಿಸಿ, ತಲೆ ಬಾಗಿಸಿ ಕ್ಷಮೆ ಕೇಳಿದೆ. ಪಕ್ಕದ ಮೇಜಿನವರು ಹೇಳಿದ ಪ್ರಕಾರ ಅದು ವಿರುದ್ಧ ತುದಿಯ ಹೊಕ್ಕೈಡೋ ದಿಕ್ಕು. ಕ್ಷಮೆ ಇನ್ನೂ ತಲುಪಿರದಿದ್ದರೆ ಈ ಕಾಗದದಲ್ಲಿ ಮತ್ತೊಮ್ಮೆ ಕೇಳುತ್ತಿದ್ದೇನೆ.

ಅದು ಸವಾಲಲ್ಲ, ಗುರುಗಳೇ. ನಮ್ಮ ಕಚೇರಿಯಲ್ಲಿ ಟಿವಿಗಾಗಿ ಒಂದು ಕಥೆ ತಯಾರಾಗುತ್ತಿದೆ. ಹಳೆಯ ಕಾಲದ ಸಮುರಾಯ್ ಕಥೆ. ಅದರ ಮೊದಲ ಕಂತಿನ ನಿರ್ದೇಶನ ನನ್ನದು. ಹನ್ನೊಂದು ವರ್ಷ ಬೇರೆಯವರ ಕೈಕೆಳಗಿದ್ದು, ಈಗ ಮೊದಲ ಸಲ ನನ್ನ ಕೈಗೆ ಒಂದು ಕಂತು ಬಂದಿದೆ. ಕೊನೆಯಲ್ಲಿ ಶಿಷ್ಯೆ ಗುರುವನ್ನು ಕಡಿಯಬೇಕು. ಆ ಕಾಳಗ ಸರಿಬರುತ್ತಿಲ್ಲ. ಅಷ್ಟೇ ಸಂಗತಿ.

ಹಿಮ್ಮಡಿ ಇಳಿದಿಲ್ಲ. ಬಸ್ಸಿಗೆ ಕಾಯುವಾಗಲೂ ಏಳುತ್ತದೆ.

ತಮಗೆ ಇನ್ನೂ ಸಿಟ್ಟಿಲ್ಲದಿದ್ದರೆ ಎರಡು ಸಣ್ಣ ಅನುಮಾನ. ಒಂದು, ಆ ಗುರುವಿಗೆ ಆರು ಕೈಗಳಷ್ಟು ಸಾಮರ್ಥ್ಯ ಇದ್ದರೆ ಅವರು ಹೇಗೆ ನಿಲ್ಲುತ್ತಾರೆ? ಎರಡು, ಕಡಿಯುವುದು ಕತ್ತಿಗೇ ಇಷ್ಟವಿಲ್ಲದಿದ್ದರೆ ಹುಡುಗಿ ಏನು ಮಾಡಬೇಕು?

ಫುಮಿಯೆ ಅತ್ತೆಯವರ ಹೂಕುಂಡಗಳ ವಿಚಾರ ಕೇಳಿ ನೋವಾಯಿತು.

ಇಂತಿ,
ಚಿನಾತ್ಸು


ಉವಾಗಾವ
ಫೆಬ್ರವರಿ 22

ಚಿನಾತ್ಸುಗೆ,

ಹೂಕುಂಡದ ಸುದ್ದಿ ನಿನಗೆ ಯಾರು ಮುಟ್ಟಿಸಿದರೋ ವಿಚಾರಣೆ ನಡೆಯುತ್ತಿದೆ.

ಟಿವಿಯ ಐತಿಹಾಸಿಕ ನಾಟಕವೆಂದು ಮೊದಲೇ ಹೇಳಬಾರದಿತ್ತೇ? ನಿನ್ನೆ ಸಾರ್ವಜನಿಕ ಸ್ನಾನಗೃಹದಲ್ಲಿ ಯಾರೋ ಕೇಳಿದರೆಂದು ನಾಲ್ಕು ಮಾತು ಹೇಳಿದೆ. ಇವತ್ತು ಮೀನಂಗಡಿಯವನು ಕರಿದ ಮೀನುವಡೆ ಎರಡು ಜಾಸ್ತಿ ಹಾಕಿ, "ಗುರುಗಳೇ, ನಿಮ್ಮ ಪಾತ್ರ ಯಾರು ಮಾಡ್ತಾರಂತೆ?" ಎಂದ. ನನ್ನ ಪಾತ್ರವೆಂದು ನಾನು ಹೇಳಿರಲಿಲ್ಲ. ಆದರೂ ತಿಳಿಸು, ಯಾರು ಮಾಡುತ್ತಾರೆ? ಎತ್ತರದವನೋ? ಹೊಟ್ಟೆ ಇರುವವನಾದರೆ ಬೇಡ.

ಇನ್ನು ನಿನ್ನ ಅನುಮಾನಗಳು. ಆರು ಕೈಗಳಷ್ಟು ಸಾಮರ್ಥ್ಯ ಇರುವವನು ಎರಡು ಕೈ ಇರುವವನ ಹಾಗೆಯೇ ನಿಲ್ಲುತ್ತಾನೆ. ಕಾಲು ಎರಡೇ ತಾನೆ? ಎರಡನೆಯದು ಅರ್ಥವೇ ಆಗಲಿಲ್ಲ. ಕತ್ತಿಗೆ ಇಷ್ಟವಿಲ್ಲದಿದ್ದರೆ ಅಂದರೇನು? ಅದೇನು ತವರಿಗೆ ಹೋಗುತ್ತೇನೆಂದು ಮೂಲೆ ಸೇರಿದ ಸೊಸೆಯೇ? ಟೋಕಿಯೋದವರು ಕತ್ತಿಯನ್ನು ನೋಡಿದ್ದಾರಾ?

ಮುಖ್ಯ ಪ್ರಶ್ನೆಗೆ ಬರುತ್ತೇನೆ. ಎಷ್ಟು ಯೋಚಿಸಿದರೂ ಅಂಥ ಗುರುವನ್ನು ಶಿಷ್ಯೆ ಕಡಿಯುವ ದಾರಿ ಹೊಳೆಯಲಿಲ್ಲ. ಕೊನೆಗೆ ಪ್ರಯೋಗ ಮಾಡಿ ನೋಡೋಣವೆಂದು ಫುಮಿಯೆಯ ಕೈಗೆ ಸೌಟು ಕೊಟ್ಟು, ನಾನು ಮೂಲಂಗಿ ಹಿಡಿದು ಅಡುಗೆಮನೆಯಲ್ಲಿ ನಿಂತೆ.

"ಹೊಡಿ" ಎಂದೆ.

"ಎಲ್ಲಿಗೆ?"

"ಎಲ್ಲಿಗಾದ್ರೂ. ನಿನ್ನ ಕೈಲಿ ಆಗಲ್ಲ."

ಏಳು ಸಲ ಬೀಸಿದಳು, ಏಳು ಸಲವೂ ತಡೆದೆ. ಎಂಟನೆಯ ಸಲ ಸೌಟು ನನ್ನ ನೆತ್ತಿಗೆ ಬಿತ್ತು. ಕಾರಣ, ಒಲೆಯ ಮೇಲಿದ್ದ ಮಿಸೊ ಸಾರು ಉಕ್ಕುವುದರಲ್ಲಿತ್ತು, ನನ್ನ ಕಣ್ಣು ಅತ್ತ ಹೋಯಿತು. ಅಷ್ಟೇ ಸಾಕಾಯಿತು. ಬರೆದುಕೋ. ಅಂಥವನನ್ನು ಕಡಿಯಲು ಎಡವೂ ಇಲ್ಲ, ಬಲವೂ ಇಲ್ಲ. ಹಾಳಾಗಬಾರದು ಎಂದು ಅವನಿಗೆ ಅನ್ನಿಸುವ ವಸ್ತು ಪಕ್ಕದಲ್ಲಿರಬೇಕು, ಅವನು ಅದನ್ನು ನೋಡಬೇಕು.

ಫುಮಿಯೆ ಇನ್ನೂ ನಗುತ್ತಿದ್ದಾಳೆ. ಅವಳ ಹೊಡೆತಕ್ಕೆ ರೂಪವಿರಲಿಲ್ಲ.

ಹೆಜ್ಜೆಗಳ ವಿವರ ಏಳು ಹಾಳೆ ಜೊತೆಗಿಟ್ಟಿದ್ದೇನೆ. ಒಂದು ಪೆಟ್ಟಿಗೆ ಕಿತ್ತಳೆ ಬೇರೆ ಬರುತ್ತದೆ. ನಟನಿಗೂ ಕೊಡು.

ಒಚಿ


ಟೋಕಿಯೋ
ಮಾರ್ಚ್ 24

ಪೂಜ್ಯ ಗುರುಗಳಿಗೆ,

ತಿಂಗಳು ಕಳೆದರೂ ಬರೆಯಲಿಲ್ಲ. ಕಿತ್ತಳೆ ತಿಂದು ಮುಗಿಸಿ ಸುಮ್ಮನಾದಳು ಎಂದುಕೊಂಡಿರುತ್ತೀರಿ. ಬರೆಯಬೇಕಾದ್ದು ಕಷ್ಟದ್ದಾಗಿತ್ತು. ಇವತ್ತು ಬರೆದುಬಿಡುತ್ತೇನೆ.

ನಟ ಇಲ್ಲ. ಯಾವ ನಟನೂ ಇಲ್ಲ. ಇದು ಅನಿಮೆ. ನಾವು ಚಿತ್ರ ಬರೆದು ಓಡಿಸುತ್ತೇವೆ. ಹೆಸರು 'ಬೂದಿಯ ಒರೆ'. ಹಳ್ಳಿಯೊಂದು ಸುಟ್ಟು ಬೂದಿಯಾಗಿದೆ. ಅಲ್ಲಿನ ಗುರು, ಎಂದೂ ಸೋಲದ ಕತ್ತಿಯೊಂದಕ್ಕಾಗಿ ತನ್ನ ಮುಖವನ್ನೇ ಮಾರಿಕೊಂಡು ರಾಕ್ಷಸನಾಗಿದ್ದಾನೆ. ಆರು ಕೈಗಳಷ್ಟು ಸಾಮರ್ಥ್ಯ ಎಂದು ಬರೆದಿದ್ದೆ. ಅವನಿಗೆ ಇರುವುದು ಆರು ಕೈಗಳೇ. ಕತ್ತಿಗೆ ಇಷ್ಟಾನಿಷ್ಟವೂ ಇದೆ, ಅದು ಮಾತಾಡುತ್ತದೆ. ನಾಗಿ ಎಂಬ ಹದಿನಾರರ ಹುಡುಗಿ ತನ್ನ ಆ ಗುರುವನ್ನು ಮೊದಲ ಕಂತಿನಲ್ಲೇ ಕಡಿಯಬೇಕು. ಚಿತ್ರ ಬರೆದ ಕಾರಣಕ್ಕೇ ತಾವು ನನ್ನನ್ನು ಹೊರಗೆ ಹಾಕಿದ್ದು. ಅದನ್ನೇ ಹೊಟ್ಟೆಪಾಡು ಮಾಡಿಕೊಂಡಿದ್ದೇನೆಂದು ತಮಗೆ ಹೇಳಲು ಬಾಯಿ ಬರಲಿಲ್ಲ.

ಈ ಸರಣಿಯ ಮುಖ್ಯ ನಿರ್ದೇಶಕರು ಕುರೆಬಾಯಾಶಿಯವರು. ನನ್ನ ಕಾಳಗವನ್ನು ಮೂರು ಸಲ ಹಿಂದಕ್ಕೆ ಕಳಿಸಿದರು. ಮೂರನೆಯ ಸಲ ಹೇಳಿದ್ದು ಇದು: "ಹ್ಯೋದೋ, ಆರು ಕೈ ಆಡ್ತಿದೆ, ಹತ್ತು ಲೀಟರ್ ರಕ್ತ ಹಾರ್ತಿದೆ, ಯಾರಿಗೂ ನೋಯ್ತಾನೇ ಇಲ್ಲ. ಇನ್ನೊಂದು ಸಲ ನೋಡ್ತೀನಿ. ಆಗ್ಲಿಲ್ಲ ಅಂದ್ರೆ ಕಂತು ಬೇರೆಯವರಿಗೆ ಹೋಗತ್ತೆ."

ಆಗ ತಮ್ಮ ಸೌಟಿನ ಪ್ರಸಂಗ ಹತ್ತು ಸಲ ಓದಿದೆ. ಆರು ಕೈಯ ಗುರುವಿಗೆ ಉಕ್ಕುವ ಸಾರು ಯಾವುದು? ಊರು ಸುಟ್ಟಿದೆ, ಮುಖ ಹೋಗಿದೆ, ತನ್ನ ಹೆಸರೂ ಅವನಿಗೆ ನೆನಪಿಲ್ಲ. ಮರುದಿನ ಕಚೇರಿಯ ಮೊಗಸಾಲೆಯಲ್ಲಿ ಛತ್ರಿ ಹಿಡಿದು ನಾಗಿಯ ಹೆಜ್ಜೆ ಹಾಕಿ ನೋಡುತ್ತಿದ್ದಾಗ ನನ್ನ ಎಡ ಹಿಮ್ಮಡಿ ಎದ್ದಿತು. ಕೂಡಲೇ ಹೊಳೆಯಿತು. ಅವನು ನೋಡುವುದು ಹುಡುಗಿಯ ಹಿಮ್ಮಡಿಯನ್ನು! ಎಲ್ಲ ಮರೆತವನಿಗೆ ಅದೊಂದು ಮರೆತಿಲ್ಲ. ಇವತ್ತಾದರೂ ಸರಿಯಾಗಿ ಇಟ್ಟಿದ್ದಾಳಾ ಎಂದು ಒಂದು ಕ್ಷಣ ಬಗ್ಗಿ ನೋಡುತ್ತಾನೆ. ಆ ಕ್ಷಣದಲ್ಲಿ ಅವಳು ಕಡಿಯಬೇಕು. ಖುಷಿಗೆ ಛತ್ರಿ ಬೀಸಿದೆ, ತಿರುವಿನಲ್ಲಿ ಬರುತ್ತಿದ್ದ ಕುರೆಬಾಯಾಶಿಯವರ ಕಿವಿಗೆ ಬಿತ್ತು. ಕಿವಿ ಹಿಡಿದುಕೊಂಡೇ ಪೂರ್ತಿ ಕೇಳಿದರು. "ಇದನ್ನ ಬರಿ" ಎಂದರು.

ಇನ್ನೊಂದು ವಿಷಯ. ಹಿನ್ನೆಲೆ ಚಿತ್ರ ಬರೆಯುವವರು ಕೋಟೆಗಳ ಫೋಟೋ ತೆಗೆಯಲು ನಮ್ಮ ಶಿಕೊಕು ದ್ವೀಪಕ್ಕೆ ಹೋಗಿದ್ದರು. ನಾನೂರು ಫೋಟೋ ತಂದಿದ್ದಾರೆ. ಒಂದರಲ್ಲಿ ಉವಾಗಾವದ ಕೋಟೆ ಬಾಗಿಲು. ಅಲ್ಲಿ ಕೆಂಪು ಕವಚ ತೊಟ್ಟು, ಜಿಂಕೆ ಕೊಂಬಿನ ಶಿರಸ್ತ್ರಾಣ ಇಟ್ಟು, ಪ್ರವಾಸಿ ಹುಡುಗಿಯರ ನಡುವೆ ಎರಡು ಬೆರಳೆತ್ತಿ ನಿಂತಿರುವ ಹಿರಿಯರೊಬ್ಬರಿದ್ದಾರೆ. ಇನ್ನೊಂದು ಕೈಯಲ್ಲಿ 'ಒಳಗೆ ಐಸ್‌ಕ್ರೀಮ್ ತಿನ್ನಬಾರದು' ಎಂಬ ಹಲಗೆ. ತಮ್ಮನ್ನು ಹೋಲುವ ಬೇರೆ ಯಾರೋ ಇರಬೇಕು. ಗರಡಿಯಲ್ಲಿ ಮೂವತ್ತು ಜನರಿರುವಾಗ ತಮಗೆ ಪುರುಸೊತ್ತೆಲ್ಲಿ?

ಇಂತಿ,
ಚಿನಾತ್ಸು


ಉವಾಗಾವ
ಏಪ್ರಿಲ್ 19

ಚಿನಾತ್ಸು ಮಗು,

ಅಣ್ಣ ಬರೆಯುವ ಲಕ್ಷಣ ಕಾಣುತ್ತಿಲ್ಲ, ಆದ್ದರಿಂದ ನಾನೇ ಕೂತಿದ್ದೇನೆ. ಚೆರಿ ಹೂ ಅರಳಿ ಉದುರಿಯೂ ಹೋಯಿತು, ಇವನು ಮಾತ್ರ ನಿನ್ನ ಕಾಗದ ಬಂದ ದಿನದಿಂದ ಮುದುಡಿಕೊಂಡೇ ಇದ್ದಾನೆ. ಊಟಕ್ಕೆ ಕರೆದರೆ ಸ್ನಾನದ ತೊಟ್ಟಿಯೊಳಗಿಂದ ಉತ್ತರ ಬರುತ್ತದೆ.

ಫೋಟೋದಲ್ಲಿರುವುದು ಅವನೇ. ಗರಡಿ ಮುಚ್ಚಿ ನಾಲ್ಕು ವರ್ಷವಾಯಿತು. ಮೂವತ್ತು ಜನ ಎಂದು ಬರೆದಿದ್ದಾನಲ್ಲ, ಗೋಡೆಯ ಮೇಲೆ ತೂಗುಹಾಕಿರುವ ಹಳೆಯ ಶಿಷ್ಯರ ಹೆಸರಿನ ಹಲಗೆಗಳನ್ನು ಎಣಿಸಿರಬೇಕು. ಕೊನೆಗೆ ಉಳಿದಿದ್ದವರು ಹಲ್ಲಿನ ಡಾಕ್ಟರೊಬ್ಬರು. ಅವರಿಗೂ ಮತ್ಸುಯಾಮಾಕ್ಕೆ ವರ್ಗವಾಯಿತು. ಅದಾದ ಮೇಲೆ ಒಂದು ದಿನ ಇವನು ಕೋಟೆಯ ಕಚೇರಿಗೆ ಜಗಳಕ್ಕೆ ಹೋದ. ಪ್ರವಾಸಿಗರಿಗೆಂದು ಕವಚ ಹಾಕಿ ನಿಲ್ಲಿಸಿರುವ ಕಾವಲು ಪಡೆಯವರು ಕತ್ತಿಯನ್ನು ಬಲಗಡೆ ಸಿಕ್ಕಿಸಿಕೊಂಡಿದ್ದಾರೆ, ಇದು ಊರಿಗೇ ಅವಮಾನ ಎಂದು. ಅಲ್ಲಿನವರು, "ಹಾಗಾದ್ರೆ ನೀವೇ ಬಂದು ನಿಂತ್ಕೊಳ್ಳಿ ತಾತ" ಎಂದರಂತೆ. ಸಿಟ್ಟಿನಲ್ಲಿ ಮನೆಗೆ ಬಂದವನು ಮರುದಿನ ಹೋಗಿ ನಿಂತ.

ನಿನಗೆ ಗೊತ್ತಾಗಬಾರದು ಎಂಬುದೊಂದೇ ಅವನ ಆಸೆಯಾಗಿತ್ತು. ವಿದ್ಯೆಯನ್ನು ಆಟ ಮಾಡಬಾರದೆಂದು ನಿನ್ನನ್ನು ಹೊರಗೆ ಹಾಕಿದವನು ತಾನೇ ಐಸ್‌ಕ್ರೀಮ್ ಹಲಗೆ ಹಿಡಿದಿದ್ದಾನೆ. ಸಿಟ್ಟಲ್ಲಮ್ಮ, ನಾಚಿಕೆ.

ನೀನು ಬರೆದ ಆ ಪುಟ್ಟ ಚಿತ್ರಪುಸ್ತಕ ಅವನ ಮೇಜಿನ ಡ್ರಾಯರಿನಲ್ಲೇ ಇದೆ, ಬೆರಳಲ್ಲಿ ಸರ್ರನೆ ಹಾಳೆ ಬಿಟ್ಟರೆ ಗುರುಗಳು ಜಾರಿ ಬೀಳುವುದು. ಧೂಳು ಒರೆಸುವಾಗ ನೋಡಿದ್ದೇನೆ. ಅಂಚು ಸವೆದು ಹತ್ತಿಯಂತಾಗಿದೆ. ಧೂಳಿನಿಂದ ಹಾಗಾಗುವುದಿಲ್ಲ.

ನಾನು ಬರೆದೆನೆಂದು ಹೇಳಬೇಡ.

ಫುಮಿಯೆ


ಉವಾಗಾವ
ಏಪ್ರಿಲ್ 28

ಚಿನಾತ್ಸುಗೆ,

ಫುಮಿಯೆ ಬರೆದಳೆಂದು ಗೊತ್ತು. ಶಾಯಿ ಹೀರಿದ ಒತ್ತುಕಾಗದವನ್ನು ಮೇಜಿನ ಮೇಲೇ ಬಿಟ್ಟಿದ್ದಳು, ಅದರಲ್ಲಿ ನಿನ್ನ ವಿಳಾಸವೂ ಇತ್ತು, ತೊಟ್ಟಿಯೂ ಇತ್ತು, ಪುಸ್ತಕವೂ ಇತ್ತು.

ಫೋಟೋದಲ್ಲಿರುವುದು ನಾನು. ಹಲಗೆ ಹಿಡಿಯುವ ಪಾಳಿ ಶನಿವಾರ ಮಾತ್ರ. ಎರಡು ಬೆರಳೆತ್ತುವುದು ಕಚೇರಿಯವರ ನಿಯಮ, ನನ್ನ ಇಷ್ಟವಲ್ಲ. ಕವಚ ಹದಿನಾಲ್ಕು ಕಿಲೋ. ಮಕ್ಕಳು ಬಂದು, "ತಾತ, ಈ ಕತ್ತಿ ನಿಜದ್ದಾ?" ಎನ್ನುತ್ತವೆ. ಮೊದಲ ವರ್ಷ, "ಬಿದಿರು" ಎನ್ನುತ್ತಿದ್ದೆ. ಮುಖ ಸಣ್ಣದು ಮಾಡಿಕೊಂಡು ಹೋಗುತ್ತಿದ್ದವು. ಈಗ, "ಮುಟ್ಟಬೇಡ, ಬೆರಳು ಹೋಗತ್ತೆ" ಎನ್ನುತ್ತೇನೆ. ಕಿರುಚಿಕೊಂಡು ಓಡಿ ಮತ್ತೆ ಬರುತ್ತವೆ. ನಲವತ್ತು ವರ್ಷ ಗರಡಿಯಲ್ಲಿ ಸತ್ಯವನ್ನೇ ಹೇಳಿದೆ, ಯಾರೂ ಹಾಗೆ ಮತ್ತೆ ಓಡಿ ಬರಲಿಲ್ಲ.

ಇನ್ನು ಆ ಪುಸ್ತಕದ ವಿಷಯ. ಹದಿನೆಂಟು ವರ್ಷದ ಕೆಳಗೆ ಪರೀಕ್ಷೆಯ ದಿನ ಎಲ್ಲರ ಎದುರು ನಾನು ಬಿದ್ದೆನಲ್ಲ, ನೆಲಕ್ಕೆ ಎಣ್ಣೆ ಹಚ್ಚಿದವನ ತಪ್ಪೆಂದು ಹೇಳಿದೆ. ಸುಳ್ಳು. ಅದಕ್ಕೂ ಆರು ತಿಂಗಳ ಮೊದಲೇ ನನ್ನ ಬಲ ಮೊಣಕಾಲು ಕೈಕೊಟ್ಟಿತ್ತು. ಡಾಕ್ಟರಿಗೆ ಬಿಟ್ಟು ಯಾರಿಗೂ ಹೇಳಿರಲಿಲ್ಲ. ಎರಡು ವಾರದ ಮೇಲೆ ಹುಡುಗರೆಲ್ಲ ಒಂದೆಡೆ ಸೇರಿ ನಗುತ್ತಿದ್ದರು. ಅವರ ಕೈಯಲ್ಲಿದ್ದ ನಿನ್ನ ಪುಸ್ತಕ ಕಿತ್ತುಕೊಂಡು ನೋಡಿದೆ. ನನ್ನ ಮೂಗನ್ನು ನೀನು ದೊಡ್ಡದು ಮಾಡಿದ್ದೆ, ಅದಿರಲಿ. ಆದರೆ ಒಂಬತ್ತನೆಯ ಹಾಳೆಯಲ್ಲಿ ಪಾದ ಜಾರುವ ಮೊದಲೇ ಮೊಣಕಾಲು ಒಳಕ್ಕೆ ಕುಸಿಯುತ್ತದೆ. ಡಾಕ್ಟರು ಎಕ್ಸ್‌ರೇ ತೆಗೆದು ಕಂಡುಹಿಡಿದದ್ದನ್ನು ಹದಿನೇಳರ ಹುಡುಗಿ ಮೂಲೆಯಲ್ಲಿ ಕೂತು ಪೆನ್ಸಿಲಿನಲ್ಲಿ ಕಂಡುಹಿಡಿದಿದ್ದಳು.

ಅಷ್ಟು ಸರಿಯಾಗಿ ನೋಡುವ ಕಣ್ಣು ದಿನಾ ನನ್ನ ಎದುರು ಕೂತಿರುವುದನ್ನು ತಾಳಲಾರದೆ ಹೋದೆ. ಆಟವಾಡಿದಳು ಎಂದದ್ದು ನೆಪ. ನನ್ನದು ತಪ್ಪಾಯಿತು. ಈ ಸಾಲನ್ನು ಬರೆಯಲು ಒಂಬತ್ತು ದಿನ ಹಿಡಿಯಿತು, ಉತ್ತರ ತಡವಾದದ್ದು ಇದಕ್ಕೇ, ತೊಟ್ಟಿಯಲ್ಲಿ ಕೂತದ್ದಕ್ಕಲ್ಲ.

ಈಗ ಕೆಲಸದ ಮಾತು. ನಿನ್ನ ರಾಕ್ಷಸನಿಗೆ ಆರು ಕೈ, ಆರು ಕತ್ತಿ. ಸರಿ. ಒರೆಗಳು ಎಲ್ಲಿ? ಸೊಂಟಕ್ಕೆ ಆರು ಸಿಕ್ಕಿಸಿದರೆ ಬಾಗಿಲಲ್ಲಿ ಹಿಡಿಯುವುದಿಲ್ಲ. ಬೆನ್ನಿಗೆ ಕಟ್ಟು. ಕೆಳಗಿನ ಎರಡು ಕೈ ಎಳೆಯುವಾಗ ಮೇಲಿನ ಎರಡರ ಮೊಣಕೈಗೆ ತಾಗುತ್ತದೆ. ನಾನೂ ಪಡೆಯ ಇಬ್ಬರೂ ಒಬ್ಬರ ಹಿಂದೊಬ್ಬರು ನಿಂತು ಮಾಡಿ ನೋಡಿದೆವು. ಎಳೆಯಬೇಕಾದ ಕ್ರಮವನ್ನು ಜೊತೆಗಿರುವ ಹಾಳೆಯಲ್ಲಿ ಬರೆದಿದ್ದೇನೆ. ಪ್ರವಾಸಿಗರು ಚಪ್ಪಾಳೆ ಹೊಡೆದರು.

ಮತ್ತೆ, ಮಾತಾಡುವ ಕತ್ತಿ ಏನು ಮಾತಾಡುತ್ತದೆ?

ಒಚಿ


ಟೋಕಿಯೋ
ಜೂನ್ 12

ಪೂಜ್ಯ ಗುರುಗಳಿಗೆ,

ಏಪ್ರಿಲಿನ ಕಾಗದ ಓದಿ ಉತ್ತರ ಬರೆಯಲು ಕೂತೆ. ಮೂರು ಸಲ ಶುರುಮಾಡಿ ಹರಿದೆ. ಒಂದನ್ನು ಒಪ್ಪಿಕೊಳ್ಳುತ್ತೇನೆ. ಮೊಣಕಾಲಿಗೆ ಪೆಟ್ಟಾಗಿದೆಯೆಂದು ನನಗೆ ಗೊತ್ತಿರಲಿಲ್ಲ. ಕಂಡದ್ದನ್ನು ಬರೆದೆ, ಅಷ್ಟೇ. ಗೊತ್ತಿದ್ದರೆ ಬರೆಯುತ್ತಿರಲಿಲ್ಲ. ಮೂಗು ಮಾತ್ರ ಬೇಕೆಂದೇ ದೊಡ್ಡದು ಮಾಡಿದ್ದು.

ಒರೆಗಳು ಬೆನ್ನಿಗೆ ಹೋದವು. ತಾವು ಕೊಟ್ಟ ಕ್ರಮವನ್ನೇ ಬಳಸಿದೆವು. ಕುರೆಬಾಯಾಶಿಯವರು ಹಾಳೆ ನೋಡಿ, "ಯಾರಿವರು? ನಮ್ಮಲ್ಲಿ ಕೆಲಸಕ್ಕೆ ಬರ್ತಾರಾ?" ಎಂದರು. ಕೋಟೆ ಕಾಯುವ ಕೆಲಸದಲ್ಲಿದ್ದಾರೆ ಎಂದೆ. ತಮಾಷೆಯೆಂದುಕೊಂಡು ನಕ್ಕರು. ಕಾಳಗ ಒಪ್ಪಿಗೆಯಾಯಿತು.

ಟಿವಿಗೆ ಬರುವ ಮೊದಲು ಆಯ್ದ ಊರುಗಳ ಚಿತ್ರಮಂದಿರಗಳಲ್ಲಿ ಮೊದಲ ಕಂತನ್ನು ತೋರಿಸುತ್ತಾರೆ. ಮತ್ಸುಯಾಮಾದಲ್ಲಿ ಜೂನ್ 30, ಭಾನುವಾರ ಬೆಳಿಗ್ಗೆ ಹನ್ನೊಂದಕ್ಕೆ. ಐದು ಟಿಕೆಟ್ ಇಟ್ಟಿದ್ದೇನೆ. ಅದೇ ಹೊತ್ತಿಗೆ ನಾನು ಟೋಕಿಯೋದ ಪ್ರದರ್ಶನದಲ್ಲಿ ವೇದಿಕೆ ಹತ್ತಬೇಕು, ಇಲ್ಲವಾದರೆ ಬರುತ್ತಿದ್ದೆ. ನಿಜ ಹೇಳಬೇಕೆಂದರೆ ಬರದಿರಲು ಕಾರಣ ಸಿಕ್ಕಿತೆಂದು ಸಮಾಧಾನವೂ ಆಯಿತು. ತಾವು ನೋಡುವುದನ್ನು ಪಕ್ಕದಲ್ಲಿ ಕೂತು ನೋಡುವ ಧೈರ್ಯ ನನಗಿಲ್ಲ.

ಕತ್ತಿ ಹೆಚ್ಚು ಮಾತಾಡುವುದಿಲ್ಲ. 'ಹಸಿವು' ಎನ್ನುತ್ತದೆ, ಅಷ್ಟೇ.

ಇಷ್ಟವಾಗದಿದ್ದರೆ ಮಧ್ಯದಲ್ಲೇ ಎದ್ದುಬಿಡಿ. ನನಗೆ ತಿಳಿಸಬೇಡಿ.

ಇಂತಿ,
ಚಿನಾತ್ಸು


ಉವಾಗಾವ
ಜುಲೈ 2

ಚಿನಾತ್ಸುಗೆ,

ನೋಡಿದೆವು. ಕ್ರಮವಾಗಿ ಹೇಳುತ್ತೇನೆ.

ಭಾನುವಾರ ಎರಡು ಗಂಟೆಗೆ ಕೋಟೆಯಲ್ಲಿ ಪಾಳಿ ಇತ್ತು. ಹಿಂದಿರುಗಿ ಬಂದು ಕವಚ ತೊಡಲು ಹೊತ್ತು ಸಾಲುವುದಿಲ್ಲ, ಆದ್ದರಿಂದ ನಾನೂ ಪಡೆಯ ಮೂವರೂ ಕವಚದಲ್ಲೇ ಹೊರಟೆವು. ಫುಮಿಯೆ ಮುಂದಿನ ಸೀಟಿನಲ್ಲಿ ಕೂತು, ತಾನು ನಮ್ಮವಳಲ್ಲ ಎಂಬಂತೆ ದಾರಿಯುದ್ದಕ್ಕೂ ಕಿಟಕಿಯಾಚೆ ನೋಡಿದಳು.

ಚಿತ್ರಮಂದಿರದ ಬಾಗಿಲಲ್ಲಿ ಹುಡುಗಿಯೊಬ್ಬಳು ತಡೆದಳು.

"ತಾತ, ಕತ್ತಿ ಒಳಗೆ ತರೋ ಹಾಗಿಲ್ಲ."

"ಬಿದಿರು ಕಣಮ್ಮ."

"ಓ, ಪ್ರಚಾರಕ್ಕೆ ಬಂದಿರೋರಾ? ಈ ಕಡೆ ಬನ್ನಿ, ಈ ಕಡೆ."

ಅಲ್ಲವೆಂದು ಹೇಳುವಷ್ಟರಲ್ಲಿ ನಮ್ಮನ್ನು ದೊಡ್ಡ ಪೋಸ್ಟರಿನ ಮುಂದೆ ನಿಲ್ಲಿಸಿ ಇಪ್ಪತ್ತು ಜನ ಫೋಟೋ ತೆಗೆದರು. ಕೈ ತಾನಾಗಿ ಎರಡು ಬೆರಳೆತ್ತಿತು. ಅಭ್ಯಾಸ.

ಒಳಗೆ ಕೂತ ಮೇಲೆ ಹಿಂದಿನಿಂದ ಯುವಕನೊಬ್ಬ, "ತಾತಾ, ಆ ಕೊಂಬು ಒಂಚೂರು ಇಳಿಸ್ತೀರಾ?" ಎಂದ. ಶಿರಸ್ತ್ರಾಣ ತೆಗೆದು ತೊಡೆಯ ಮೇಲಿಟ್ಟುಕೊಂಡೆ.

ಮೊದಲು ತಪ್ಪುಗಳು. ನಾಲ್ಕನೆಯ ನಿಮಿಷದಲ್ಲಿ ಬರುವ ಕುದುರೆಗೆ ಐದು ಕಾಲು ಎಣಿಸಿದೆ. ಒಂದು ಬಾಲ ಎಂದು ಫುಮಿಯೆ ವಾದಿಸುತ್ತಾಳೆ. ರಕ್ತ ಹೆಚ್ಚಾಯಿತು, ಮನುಷ್ಯನೊಳಗೆ ಅಷ್ಟು ಹಿಡಿಸುವುದಿಲ್ಲ. ನಾಗಿ ಮಳೆಯಲ್ಲಿ ನೆನೆದ ಕತ್ತಿಯನ್ನು ಒರೆಸದೆ ಒರೆಗೆ ಹಾಕಿದಳು. ಆಗ ನಮ್ಮ ಸಾಲಿನಲ್ಲಿ ನಾಲ್ಕು ಜನ ಒಟ್ಟಿಗೆ "ಅಯ್ಯೋ" ಎಂದೆವು. ರಾಕ್ಷಸನ ಮೂಗು, ಮುಖವೇ ಇಲ್ಲದವನಿಗೆ, ಹೇಗೆ ಅಷ್ಟು ದೊಡ್ಡದಿದೆ ಎಂದು ತಿಳಿಯಲಿಲ್ಲ.

ಆಮೇಲೆ ಕಾಳಗ ಬಂತು.

ಒರೆಗಳು ಸರಿಯಾಗಿವೆ. ಎಳೆಯುವ ಕ್ರಮವೂ ಸರಿ. ಐದು ಕತ್ತಿಗಳನ್ನು ದಾಟಿ ಆ ಹುಡುಗಿ ಹತ್ತಿರ ಬಂದಳು. ಆರನೆಯದು ಅವಳ ನೆತ್ತಿಯ ಮೇಲಿತ್ತು. ಆಗ ಅವನು ತಲೆ ಬಗ್ಗಿಸಿ ಅವಳ ಕಾಲಿನ ಕಡೆ ನೋಡಿದ. ಹಾಡು ನಿಂತುಹೋಯಿತು. ಹಿಮ್ಮಡಿ ನೆಲದ ಮೇಲಿತ್ತು, ಚಿನಾತ್ಸು. ಗಟ್ಟಿಯಾಗಿ, ಊರಿಕೊಂಡು. ಅದನ್ನು ನೋಡಿದ ಅವನ ಆರೂ ಕೈಗಳು ಒಂದೊಂದಾಗಿ ಕೆಳಗಿಳಿದವು. ಈಗ ಅವಳು ಕಡಿಯಬೇಕು, ಅವಳಿಗೆ ಕೈ ಬರುತ್ತಿಲ್ಲ. ನಿಂತೇ ಇದ್ದಾಳೆ. ಎಷ್ಟು ಹೊತ್ತು ನಿಲ್ಲಿಸಿದೆ ಅವಳನ್ನು! ಅಷ್ಟು ಹೊತ್ತು ನಿಲ್ಲಿಸಬಾರದು.

ಮುಂದಿನದು ನನಗೆ ಸರಿಯಾಗಿ ನೆನಪಿಲ್ಲ, ಫುಮಿಯೆ ಹೇಳಿದ್ದನ್ನು ಬರೆಯುತ್ತಿದ್ದೇನೆ. ನಾನು ಎದ್ದು ನಿಂತೆನಂತೆ. ಶಿರಸ್ತ್ರಾಣ ಉರುಳಿ ಮುಂದಿನ ಸಾಲಿಗೆ ಹೋಯಿತಂತೆ. ಗರಡಿಯಲ್ಲಿ ಕೂಗುವ ದನಿಯಲ್ಲೇ, "ನೋಡ್ತಾ ನಿಂತ್ಕೋಬೇಡ! ಸರಿಯಾಗಿದೆ, ಎಲ್ಲಾ ಸರಿಯಾಗಿದೆ, ಹೊಡಿ ಕಣೇ!" ಎಂದೆನಂತೆ.

ಅವಳು ಹೊಡೆದಳು.

ಮಂದಿರದಲ್ಲಿ ಚಪ್ಪಾಳೆ ಶುರುವಾಯಿತು, ಅರ್ಧ ತೆರೆಗೆ, ಅರ್ಧ ನನಗೆ. ಫುಮಿಯೆ ಕರವಸ್ತ್ರದೊಳಗೆ ಮುಖ ಹುದುಗಿಸಿಕೊಂಡು, "ಕೂತ್ಕೋ ಅಣ್ಣಾ, ಮರ್ಯಾದೆ ಹೋಯ್ತು, ಕೂತ್ಕೋ" ಎಂದು ಅಳುತ್ತಿದ್ದಳು. ಮರ್ಯಾದೆಗಾಗಿ ಅತ್ತಳೋ ಬೇರೆ ಯಾವುದಕ್ಕೋ, ಕೇಳಿಲ್ಲ. ಅವಳೂ ನನ್ನನ್ನು ಕೇಳಿಲ್ಲ.

ಹೊರಗೆ ಬಂದರೆ ಜನ ಸಾಲು ನಿಂತಿದ್ದಾರೆ. ಕೈಯಲ್ಲಿ ಪೋಸ್ಟರು, ಪೆನ್ನು. ಸಹಿ ಬೇಕಂತೆ. ನಾನು ಈ ಚಿತ್ರಕ್ಕೆ ಸಂಬಂಧಪಟ್ಟವನಲ್ಲ ಎಂದೆ. ನಂಬಲಿಲ್ಲ. ಮೊದಲನೆಯವಳ ಪೋಸ್ಟರಿನ ಮೇಲೆ ಒಚಿ ಶಿಗೆಹಾರು ಎಂದು ಬರೆದುಕೊಟ್ಟೆ. ಓದಿ, "ಇದು ಯಾರು ತಾತ?" ಎಂದಳು. ತಪ್ಪೇನಿಲ್ಲ, ಅವಳಿಗೆ ಹೇಗೆ ಗೊತ್ತಾಗಬೇಕು? ಆಮೇಲೆ ನನ್ನ ಹೆಸರನ್ನು ಹೊಡೆದುಹಾಕಿ, ಅದರ ಕೆಳಗೆ 'ಹ್ಯೋದೋ ಚಿನಾತ್ಸುವಿನ ಗುರು' ಎಂದು ಬರೆದೆ. ಅವಳು ಚೀರಿ ಗೆಳತಿಯರನ್ನು ಕರೆದಳು. ಒಟ್ಟು ಹದಿನೇಳು ಪೋಸ್ಟರುಗಳ ಮೇಲೆ ಹಾಗೆಯೇ ಬರೆದಿದ್ದೇನೆ.

ಕೋಟೆಗೆ ನಲವತ್ತು ನಿಮಿಷ ತಡವಾಗಿ ಹೋದೆವು.

ಹಾಗೆ ಬರೆಯಲು ನನಗೆ ಹಕ್ಕಿದೆಯೋ ಇಲ್ಲವೋ ನೀನು ತಿಳಿಸಬೇಕು. ಇಲ್ಲವೆಂದಾದರೆ ಬೇಗ ತಿಳಿಸು. ಹದಿನೇಳು ಮನೆ ಹುಡುಕಿಕೊಂಡು ಹೋಗಿ ಅಳಿಸಿ ಬರಬೇಕಾಗುತ್ತದೆ, ನನಗೆ ಮೊಣಕಾಲು ನೋವು.

ಒಚಿ ಶಿಗೆಹಾರು